ಬೌಲಿಂಗ್ ಹಾಕಿದರೆ ಬಲ ಪಕ್ಕೆ ಹಿಡಿಯುತ್ತದೆ, ಏನು ಮಾಡಿದರೂ ಹೋಗುತ್ತಿಲ್ಲ

ಹೊಸಚೆಂಡು:
ತಲೆ ಕೆಟ್ಟುಹೋಗಿದೆ, ಯಾರಾದರೂ ಸರಿಯಾಗಿ ಹೇಳಿ. ಮೀಡಿಯಂ ಫಾಸ್ಟ್ ಹಾಕುತ್ತೇನೆ, ಲೆದರ್ ಬಾಲ್, ಮ್ಯಾಟ್ ಮೇಲೆ. ನೆಟ್ಸ್‌ನಲ್ಲಿ ಬೌನ್ಸರ್ ಹಾಕಲು ಜೋರು ಮಾಡಿದಾಗ ಬಲ ಪಕ್ಕೆಯಲ್ಲಿ, ಕೆಳಗಿನ ಪಕ್ಕೆಲುಬಿನ ಹತ್ತಿರ, ಚಳಕ್ ಅಂದಿತು. ಅವತ್ತಿನಿಂದ ಕೆಮ್ಮಿದರೆ ನೋವು, ಸೀನಿದರಂತೂ ಜೀವ ಹೋಗುತ್ತದೆ, ಮಲಗಿ ಮಗ್ಗುಲು ಬದಲಿಸುವುದೂ ಕಷ್ಟ. ಸ್ಪ್ರೇ, ಬೆಲ್ಟ್, ಶಾಖ ಎಲ್ಲಾ ಆಯಿತು. ಜಿಮ್‌ನಲ್ಲಿ ಕೋರ್ (ಹೊಟ್ಟೆ, ಸೊಂಟದ ಸುತ್ತಲಿನ ಸ್ನಾಯು) ವೀಕ್ ಅಂತ ರಷ್ಯನ್ ಟ್ವಿಸ್ಟ್, ಅಂದರೆ ಕೂತು ಮೈಯನ್ನು ಎಡಬಲಕ್ಕೆ ತಿರುಗಿಸುವ ವ್ಯಾಯಾಮ, ಮಾಡಿಸಿದರು, ಇನ್ನೂ ಜಾಸ್ತಿ ಆಯಿತು. ಲೀಗ್ ಹತ್ತಿರ ಬಂತು.

ಕವರ್‌ಡ್ರೈವ್:
ಕಿಡ್ನಿ ಸ್ಟೋನ್ ಇರಬಹುದು, ಮೊದಲು ಅದನ್ನು ನೋಡಿಸಿ. ನೀರು ಸರಿಯಾಗಿ ಕುಡಿಯುತ್ತೀರಾ?

ಗರಡಿಹುಡುಗ:
ಸ್ಟೋನ್ ನೋವು ಅಲೆಅಲೆಯಾಗಿ ಬರುತ್ತದೆ, ಕೂತರೂ ನಿಂತರೂ ಬಿಡುವುದಿಲ್ಲ. ಇವರಿಗೆ ಮೈ ತಿರುಗಿಸಿದರೆ ತಾನೇ ನೋವು? ಇದು ಕೋರ್ ವೀಕ್ನೆಸ್ಸೇ, ಬೇರೆ ಏನೂ ಅಲ್ಲ. ಗದೆ ತಿರುಗಿಸುವವರಿಗೆ ಪಕ್ಕೆ ಹಿಡಿದಿದ್ದನ್ನು ನಾನು ನೋಡಿಲ್ಲ. ಎರಡೂ ಕಡೆ ಸಮವಾಗಿ ತಿರುಗಿಸಿ, ಜೊತೆಗೆ ದಂಡ, ಬಸ್ಕಿ.

ಮೂರನೇಸ್ಲಿಪ್:
ಕೇಳಿದರೆ ಸೈಡ್ ಸ್ಟ್ರೇನ್, ಅಂದರೆ ಪಕ್ಕೆಯ ಸ್ನಾಯು ಹರಿಯುವುದು, ಅನ್ನಿಸುತ್ತದೆ. 2019ರ ವಿಶ್ವಕಪ್‌ನಲ್ಲಿ ಇಂಗ್ಲೆಂಡಿನ ವೇಗಿ ಜೋಫ್ರಾ ಆರ್ಚರ್ ಇದೇ ನೋವು ಇಟ್ಟುಕೊಂಡು ಆಡಿದ್ದು. ಆದರೆ ಅದು ಬೌಲಿಂಗ್ ಕೈಯ ಎದುರು ಪಕ್ಕೆಗೆ ಬರುವುದು ಜಾಸ್ತಿ. ನಿಮಗೆ ಬಲಗಡೆ ಅಂದರೆ ಲೆಕ್ಕ ಕೂಡುತ್ತಿಲ್ಲ. ಪಕ್ಕೆಲುಬಿನ ಮೂಳೆಯಲ್ಲೇ ಸ್ಟ್ರೆಸ್ ಫ್ರ್ಯಾಕ್ಚರ್ (ಮತ್ತೆ ಮತ್ತೆ ಒತ್ತಡ ಬಿದ್ದು ಆಗುವ ಸಣ್ಣ ಬಿರುಕು) ಇದೆಯಾ ನೋಡಿಸಿ.

ಗರಡಿಹುಡುಗ:
ಫ್ರ್ಯಾಕ್ಚರ್ ಅಂತ ಸುಮ್ನೆ ಹೆದರಿಸಬೇಡಿ ಗುರು. ಕೋರ್ ಗಟ್ಟಿ ಇದ್ದರೆ ಎಲ್ಲಾ ಸರಿ.

ಜಿಮ್‌ಮನೆ:
ಗದೆಗಿಂತ ಕೇಬಲ್ ಮೆಷಿನ್ ವಾಸಿ. ಭಾರ ಕಿಲೋ ಲೆಕ್ಕದಲ್ಲಿ ಕೂಡಿಸಬಹುದು, ಕಳೆಯಬಹುದು. ಮನೆಯ ಕಾರ್ ಶೆಡ್‌ನಲ್ಲೇ ಡಬಲ್ ಪುಲ್ಲಿ ಹಾಕಿಸಿದ್ದೇನೆ, ಕೆಳಗೆ ರಬ್ಬರ್ ಮ್ಯಾಟ್, ಎದುರಿಗೆ ಕನ್ನಡಿ. ವುಡ್‌ಚಾಪ್, ಅಂದರೆ ಸೌದೆ ಒಡೆಯುವ ಹಾಗೆ ಕೇಬಲ್ಲನ್ನು ಓರೆಯಾಗಿ ಎಳೆಯುವುದು, ಮಾಡಿ ನೋಡಿ, ಸೊಂಟದ ಸುತ್ತಳತೆಯೂ ಇಳಿಯುತ್ತದೆ.

ಮೂರನೇಸ್ಲಿಪ್:
ಪಕ್ಕೆಯ ವ್ಯಾಯಾಮ ಮಾಡಿದರೆ ಅಲ್ಲಿನ ಕೊಬ್ಬೇ ಕರಗುತ್ತದೆ ಅನ್ನುವುದು ತಪ್ಪು. ಸ್ನಾಯು ಗಟ್ಟಿಯಾಗುತ್ತದೆ, ಅಷ್ಟೇ. ಅದೂ ಅಲ್ಲದೆ ಅವರು ಕೇಳಿದ್ದು ಇದನ್ನಲ್ಲ.

ಫಿಸಿಯೋಅಕ್ಕ:
ಎಲ್ಲರೂ ಒಂದು ನಿಮಿಷ. ಹೊಸಚೆಂಡು, ನೀವು ಯಾವ ಕೈ ಬೌಲರ್?

ಹೊಸಚೆಂಡು:
ಎಡಗೈ ಅಕ್ಕ. ಬ್ಯಾಟಿಂಗ್ ಮಾತ್ರ ಬಲಗೈ.

ಫಿಸಿಯೋಅಕ್ಕ:
ಹಾಗಾದರೆ ಮೂರನೇಸ್ಲಿಪ್ ಹೇಳಿದ್ದೇ ಕೂಡಿಬರುತ್ತದೆ. ಬಲ ಪಕ್ಕೆ ನಿಮಗೆ ಎದುರು ಪಕ್ಕೆ.

ಪಕ್ಕೆಯಲ್ಲಿ ಮೂರು ಪದರ ಸ್ನಾಯು ಇವೆ. ಮೇಲಿನದು ಎಕ್ಸ್‌ಟರ್ನಲ್ ಓಬ್ಲಿಕ್. ಅದು ಕೆಳಗಿನ 8 ಪಕ್ಕೆಲುಬುಗಳಿಂದ ಹೊರಟು ಓರೆಯಾಗಿ ಕೆಳಗೆ, ಹೊಟ್ಟೆಯ ಮಧ್ಯದ ಕಡೆಗೆ ಬರುತ್ತದೆ, ಪ್ಯಾಂಟಿನ ಮುಂದಿನ ಜೇಬಿಗೆ ಕೈ ಹಾಕಿದಾಗ ಬೆರಳು ನಿಲ್ಲುವ ಹಾಗೆ. ಅದರ ಕೆಳಗಿನದು ಇಂಟರ್ನಲ್ ಓಬ್ಲಿಕ್. ಅದರ ಎಳೆಗಳು ಹೆಚ್ಚುಕಡಿಮೆ ಇದಕ್ಕೆ ಅಡ್ಡಡ್ಡ: ಸೊಂಟದ ಮೂಳೆಯ ಅಂಚಿನಿಂದ ಮೇಲಕ್ಕೆ ಹೋಗಿ ಕೊನೆಯ ಮೂರ್ನಾಲ್ಕು ಪಕ್ಕೆಲುಬಿಗೆ ಅಂಟಿಕೊಳ್ಳುತ್ತವೆ. ಎಲ್ಲಕ್ಕಿಂತ ಒಳಗಿನದು ಟ್ರಾನ್ಸ್‌ವರ್ಸಸ್, ಸದ್ಯಕ್ಕೆ ಅದು ಬೇಡ.

ಈಗ ಮುಖ್ಯ ವಿಷಯ. ಮೈ ಬಲಕ್ಕೆ ತಿರುಗಬೇಕಾದರೆ ಎಡಗಡೆಯ ಎಕ್ಸ್‌ಟರ್ನಲ್ ಮತ್ತು ಬಲಗಡೆಯ ಇಂಟರ್ನಲ್ ಒಟ್ಟಿಗೆ ಎಳೆಯುತ್ತವೆ. ಎಡಗೈ ಬೌಲರ್ ಚೆಂಡು ಬಿಡುವಾಗ ಎಡ ಭುಜ ಮುಂದಕ್ಕೆ ಬರುತ್ತದೆ, ಅಂದರೆ ಎದೆ ಬಲಕ್ಕೆ ತಿರುಗುತ್ತದೆ. ಅದಕ್ಕೂ ಮುಂಚೆ ಬಲಗೈ ಮೇಲೆತ್ತಿ ಚಾಚಿರುತ್ತೀರಿ ಅಲ್ವಾ, ಆಗ ಬಲ ಪಕ್ಕೆ ಪೂರ್ತಿ ಎಳೆದುಕೊಂಡಿರುತ್ತದೆ. ಆ ಸ್ಥಿತಿಯಲ್ಲೇ ಕೈಯನ್ನು ಜೋರಾಗಿ ಕೆಳಗೆ ಎಳೆದರೆ, ಪಕ್ಕೆಲುಬಿಗೆ ಅಂಟಿಕೊಂಡ ಜಾಗದಲ್ಲಿ ಇಂಟರ್ನಲ್ ಓಬ್ಲಿಕ್ ಹರಿಯುತ್ತದೆ. ಕೆಮ್ಮು, ಸೀನಿಗೂ ಇದೇ ಸ್ನಾಯುಗಳು ಹೊಟ್ಟೆಯನ್ನು ಒತ್ತಿ ಗಾಳಿ ಹೊರಗೆ ತಳ್ಳುತ್ತವೆ. ಅದಕ್ಕೇ ಆ ನೋವು. ಹರಿದ ಎಳೆಯ ಮೇಲೆ ರಷ್ಯನ್ ಟ್ವಿಸ್ಟ್ ಮಾಡಿದರೆ ಜಾಸ್ತಿ ಆಗದೆ ಇನ್ನೇನು? ನಿಲ್ಲಿಸಿ. ಗದೆ, ಕೇಬಲ್ ಎರಡೂ ಸದ್ಯಕ್ಕೆ ಬೇಡ.

ಆದರೂ ಬರೀ ಓದಿ ಹೇಳುತ್ತಿದ್ದೇನೆ, ಮುಟ್ಟಿ ನೋಡಿಲ್ಲ. ಸ್ಪೋರ್ಟ್ಸ್ ಡಾಕ್ಟರ್ ಹತ್ತಿರ ತೋರಿಸಿ. ಎಂಆರ್‌ಐ ಅಥವಾ ಅಲ್ಟ್ರಾಸೌಂಡ್‌ನಲ್ಲಿ ಎಷ್ಟು ಹರಿದಿದೆ ಅಂತ ಕಾಣುತ್ತದೆ. ಮೂಳೆಯ ಮೇಲೆ ಒಂದೇ ಕಡೆ ಒತ್ತಿದಾಗ ಚುರುಕ್ ಅಂದರೆ ಅದನ್ನೂ ಹೇಳಿ. ಸ್ನಾಯು ಮಾತ್ರ ಹರಿದಿದ್ದರೆ ಸಾಮಾನ್ಯವಾಗಿ 4ರಿಂದ 6 ವಾರ, ಜೋರಾಗಿ ಹರಿದಿದ್ದರೆ ಇನ್ನೂ ಹೆಚ್ಚು.

ಗರಡಿಹುಡುಗ:
ಅಂದರೂ ಮೊದಲಿನಿಂದ ಸಾಮು ಮಾಡಿದ್ದರೆ ಇದು ಆಗುತ್ತಿರಲಿಲ್ಲ ಅನ್ನುವುದು ನನ್ನ ಮಾತು.

ಫಿಸಿಯೋಅಕ್ಕ:
ಗಟ್ಟಿಮುಟ್ಟಾದ ವೃತ್ತಿಪರ ಬೌಲರ್‌ಗಳಿಗೂ ಆಗುತ್ತದೆ ಸರ್. 2021ರ ಜನವರಿಯಲ್ಲಿ ಬ್ರಿಸ್ಬೇನ್ ಟೆಸ್ಟ್‌ಗೆ ಬುಮ್ರಾ ಹೊಟ್ಟೆಯ ಸ್ನಾಯುವಿನ ನೋವಿನಿಂದಲೇ ಆಡಲಿಲ್ಲ. ಶಕ್ತಿ ಬೇಕು, ನಿಜ. ಆದರೆ ಬಿಡುವು ಕೊಟ್ಟು ಬಂದು ಒಂದೇ ವಾರದಲ್ಲಿ ಓವರ್ ಮೇಲೆ ಓವರ್ ಹಾಕಿದರೆ ಯಾವ ಸ್ನಾಯುವೂ ತಡೆಯುವುದಿಲ್ಲ.

ಹೊಸಚೆಂಡು:
ಪರೀಕ್ಷೆ ಮುಗಿಸಿ ಬಂದ ತಕ್ಷಣ ಹಾಗೇ ಆಗಿದ್ದು. ಬೌಲಿಂಗ್ ಬಿಡುತ್ತೇನೆ, ಬ್ಯಾಟಿಂಗ್ ಆದರೂ ಮಾಡಬಹುದಾ? ಟೀಮಿನಲ್ಲಿ ಜನ ಕಡಿಮೆ ಇದ್ದಾರೆ.

ಫಿಸಿಯೋಅಕ್ಕ:
ಪುಲ್ ಶಾಟಿಗೂ ಸೊಂಟ ತಿರುಗಬೇಕಲ್ಲ. ಡಾಕ್ಟರ್ ನೋಡುವವರೆಗೆ ಬೇಡ. ಮೊದಲು ಕೆಮ್ಮಿದರೆ ನೋವಿಲ್ಲ ಅನ್ನುವ ಹಂತಕ್ಕೆ ಬನ್ನಿ. ಆಮೇಲೆ ನಡಿಗೆ, ನಿಧಾನ ಓಟ, ನಿಂತಲ್ಲಿಂದ ಬೌಲಿಂಗ್, ಚಿಕ್ಕ ರನ್‌ಅಪ್, ಹೀಗೆ ಒಂದೊಂದೇ ಮೆಟ್ಟಿಲು.

ಜಿಮ್‌ಮನೆ:
ಗರಡಿಹುಡುಗ, ನಿಮ್ಮ ಗದೆ ಕಲ್ಲಿನದಾ ಕಬ್ಬಿಣದ್ದಾ? ಎಷ್ಟು ಕಿಲೋ? ನನ್ನ ಶೆಡ್‌ನಲ್ಲಿ ಒಂದು ಮೂಲೆ ಖಾಲಿ ಇದೆ.