ಲಿಯೊನಾರ್ಡ್ ರೆಟೆಲ್ ಹೆಲ್ಮ್‌ರಿಖ್: ಒಂದೇ ಮನೆಯ ಮೂರು ಸಾಕ್ಷ್ಯಚಿತ್ರಗಳು

ಪ್ರಶ್ನೆ: ಈ ಡಚ್ ನಿರ್ದೇಶಕರು ಜಕಾರ್ತಾದ ಒಂದೇ ಬಡ ಕುಟುಂಬವನ್ನು ಮೂರು ಸಾಕ್ಷ್ಯಚಿತ್ರಗಳಲ್ಲಿ ಚಿತ್ರಿಸಿದ್ದಾರೆ. ನಿರೂಪಕನ ದನಿಯ ನೆರವಿಲ್ಲದೆ ಆ ಮನೆಯ ಒಳಗುದಿ ನಮಗೆ ಇಷ್ಟು ಸ್ಪಷ್ಟವಾಗಿ ತಿಳಿಯುವುದು ಹೇಗೆ?

ಉತ್ತರ 1: ಅವರು ‘ಸಿಂಗಲ್ ಶಾಟ್ ಸಿನಿಮಾ’ ಎಂದು ಕರೆದ ವಿಧಾನದಲ್ಲಿ ಪುಟ್ಟ ಕ್ಯಾಮೆರಾ ದೀರ್ಘಕಾಲ ಕಡಿತವಿಲ್ಲದೆ ಮನೆಯವರ ಸುತ್ತಲೇ ಸುಳಿಯುತ್ತ, ಒಬ್ಬರ ಮುಖದಿಂದ ಮತ್ತೊಬ್ಬರ ಕೈಗೆ ಸರಿಯುವುದರಿಂದ ನಾವೂ ಅವರ ನಡುವೆಯೇ ಕುಳಿತವರಾಗುತ್ತೇವೆ. 2004ರ ಎರಡನೆಯ ಚಿತ್ರದಲ್ಲಿ ಒಬ್ಬಾತ ಕಣಿವೆಯ ಮೇಲಿನ ರೈಲು ಸೇತುವೆಯನ್ನು ನಡೆದು ದಾಟುವಾಗ ಕ್ಯಾಮೆರಾ ಗಾಳಿಯಲ್ಲಿ ತೇಲಿದಂತೆ ಅವನೊಡನೆ ಸಾಗುತ್ತದೆ. ನನ್ನ ಅಂಗಾಲು ಜುಮ್ಮೆಂದಿತು.

ಉತ್ತರ 2: ತಂತ್ರಕ್ಕಿಂತ ಅವರು ಕೊಟ್ಟ ಕಾಲವೇ ದೊಡ್ಡದು ಎಂದು ನಾನು ನಂಬಿದ್ದೇನೆ. ಇಂಡೊನೇಷ್ಯಾದ ಅಧ್ಯಕ್ಷ ಸುಹಾರ್ತೊ ಪತನದ ದಿನಗಳಿಂದ 2010ರ ಮೂರನೆಯ ಚಿತ್ರದವರೆಗೆ ಬಂದುಹೋಗುತ್ತಿದ್ದ ಈ ನಿರ್ದೇಶಕರ ಎದುರು ಕ್ರೈಸ್ತ ಅಜ್ಜಿಯೂ ಮುಸ್ಲಿಮನಾದ ಮಗನೂ ಏನನ್ನೂ ಮುಚ್ಚಿಡುವುದಿಲ್ಲ.