ನಟನೆ, ಬರವಣಿಗೆ, ನಿರ್ಮಾಣ: ಮೂರನ್ನೂ ಒಬ್ಬರೇ ಹೊರಬಹುದೇ?

ಪ್ರಶ್ನೆ:
ಆರು ವರ್ಷಗಳಿಂದ ಸಣ್ಣ ಪಾತ್ರಗಳಲ್ಲಿ ನಟಿಸುತ್ತಿದ್ದೇನೆ. ಅವಕಾಶಕ್ಕಾಗಿ ಕಾಯುವುದನ್ನು ಬಿಟ್ಟು, ನಾನೇ ಬರೆದ ಚಿತ್ರಕಥೆಯನ್ನು ಸ್ವತಂತ್ರವಾಗಿ ನಿರ್ಮಿಸಿ, ಅದರಲ್ಲಿ ಮುಖ್ಯ ಪಾತ್ರ ವಹಿಸಬೇಕೆಂದಿದ್ದೇನೆ. ಇದು ವೃತ್ತಿಯಾಗಿ ನಿಲ್ಲುವ ದಾರಿಯೇ ಅಥವಾ ಒಂದೇ ಚಿತ್ರಕ್ಕೆ ಮುಗಿಯುವ ಸಾಹಸವೇ ಎಂಬುದನ್ನು ಅನುಭವಿಗಳು ದಯವಿಟ್ಟು ತಿಳಿಸಬೇಕು.

ಉತ್ತರ 1:
ದಾರಿ ಹೊಸದಲ್ಲ. ಅಮೆರಿಕದ ನಟ, ನಿರ್ದೇಶಕ ಜಾನ್ ಕ್ಯಾಸವೆಟೀಸ್ ಅವರು ಇತರರ ಚಿತ್ರಗಳಲ್ಲಿ ನಟಿಸಿ ಗಳಿಸಿದ ಹಣವನ್ನು ತಮ್ಮ ಸ್ವಂತ ಚಿತ್ರಗಳಿಗೆ ತೊಡಗಿಸಿದರು. ಆದ್ದರಿಂದ ಸಂಪಾದನೆ ತರುವ ನಟನೆಯನ್ನು ನೀವೂ ಬಿಡಬೇಡಿ. ಬರೆಯುವಾಗಲೇ ನಿಮ್ಮೊಳಗಿನ ನಿರ್ಮಾಪಕರನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ಎರಡು ಮೂರು ಸ್ಥಳಗಳು, ನಾಲ್ಕೈದು ಪಾತ್ರಗಳು, ಹೆಚ್ಚಾಗಿ ಹಗಲಿನ ದೃಶ್ಯಗಳು ಇದ್ದರೆ ಚಿತ್ರೀಕರಣದ ದಿನಗಳು ಕಡಿಮೆಯಾಗುತ್ತವೆ, ಖರ್ಚು ಏರುವುದು ಆ ದಿನಗಳ ಲೆಕ್ಕದಲ್ಲಿಯೇ. ದೃಶ್ಯ ಸ್ವಲ್ಪ ಮಬ್ಬಾಗಿದ್ದರೆ ಪ್ರೇಕ್ಷಕರು ಸಹಿಸುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಧ್ವನಿಗ್ರಹಣದಲ್ಲಿ ಉಳಿತಾಯ ಬೇಡ.

ಉತ್ತರ 2:
ಮೇಲಿನವರ ಮಾತನ್ನು ಒಪ್ಪುತ್ತೇನೆ, ಆದರೆ ಕಾಗದಪತ್ರಗಳ ವಿಷಯ ಬಿಟ್ಟುಹೋಗಿದೆ. ಸ್ನೇಹಿತರೇ ಆಗಿದ್ದರೂ ಸಹಲೇಖಕರು, ನಟರು, ಸಂಗೀತಗಾರರೊಂದಿಗೆ ಹಕ್ಕುಗಳ ಒಪ್ಪಂದವನ್ನು ಚಿತ್ರೀಕರಣಕ್ಕೆ ಮೊದಲೇ ಲಿಖಿತವಾಗಿ ಮಾಡಿಕೊಳ್ಳಿ, ಏಕೆಂದರೆ ವಿತರಕರು ಅವನ್ನು ಕೇಳಿಯೇ ಕೇಳುತ್ತಾರೆ. ನನ್ನ ಮೊದಲ ಚಿತ್ರ ಒಂದೇ ಒಂದು ಹಾಡಿನ ಹಕ್ಕಿಲ್ಲದೆ ಎಂಟು ತಿಂಗಳು ಕಪಾಟಿನಲ್ಲಿತ್ತು. (ಹಾಡೂ ಅಷ್ಟೇನೂ ಚೆನ್ನಾಗಿರಲಿಲ್ಲ!)

ಉತ್ತರ 3:
ಹಲವು ದೊಡ್ಡ ಚಿತ್ರೋತ್ಸವಗಳು ಪ್ರಥಮ ಪ್ರದರ್ಶನದ ಅವಕಾಶ ತಮಗೇ ಸಿಗಬೇಕೆಂದು ಬಯಸುವುದರಿಂದ, ಅವುಗಳ ನಿಯಮಗಳನ್ನು ಓದುವ ಮೊದಲು ಚಿತ್ರವನ್ನು ಅಂತರ್ಜಾಲದಲ್ಲಿ ಬಿಡುಗಡೆ ಮಾಡಬೇಡಿ. ನಿರ್ದೇಶನವನ್ನು ಮಾತ್ರ ಬೇರೊಬ್ಬರಿಗೆ ವಹಿಸಿ; ಕ್ಯಾಮೆರಾದ ಮುಂದೆ ನಿಂತಾಗ ನಿಮ್ಮ ಅಭಿನಯದ ತಪ್ಪು ನಿಮಗೆ ಕಾಣುವುದಿಲ್ಲ.