ಲೂಪಸ್ ಉಂಟು, ಮೈಟೊಕಾಂಡ್ರಿಯಾ ಪೌಡರ್ ತಗೊಳ್ಬಹುದಾ ಡಾಕ್ಟ್ರೇ?

ಪ್ರಶ್ನೆ (ಕಾಪುವಿನಿಂದ): ನಮಸ್ಕಾರ ಡಾಕ್ಟ್ರೇ, ನಂಗೆ 34 ವರ್ಷ, ಲೂಪಸ್ ಉಂಟು, ಅದೇ ರೋಗನಿರೋಧಕ ಶಕ್ತಿ ನಮ್ಮ ಮೈಗೇ ತಿರುಗಿ ಬೀಳುವ ಆಟೋಇಮ್ಯೂನ್ ಕಾಯಿಲೆ, ಅದಕ್ಕೆ ಹೈಡ್ರಾಕ್ಸಿಕ್ಲೋರೋಕ್ವಿನ್ ಮಾತ್ರೆ ದಿನಾ ತಗೊಳ್ತೇನೆ. ಗಂಟು ನೋವು ಈಗ ಪರ್ವಾಗಿಲ್ಲ ಆದ್ರೆ ಈ ಸುಸ್ತು ಉಂಟಲ್ಲ ಅದು ಎಂತ ಮಾಡಿದ್ರೂ ಹೋಗುದಿಲ್ಲ, ಬಾವಿಯಿಂದ ಒಂದು ಕೊಡಪಾನ ನೀರು ಸೇದಿದ್ರೆ ಮತ್ತೆ ಹೋಗಿ ಮಲಗ್ಬೇಕು. ನಾದಿನಿ ಒಂದು ಪೌಡರ್ ತಂದು ಕೊಟ್ಟಿದ್ದಾಳೆ, ಮೈಟೊಕಾಂಡ್ರಿಯಾ ಸರಿಯಾದ್ರೆ ಆಟೋಇಮ್ಯೂನ್ ಕಾಯಿಲೆ ಬುಡದಿಂದಲೇ ಹೋಗ್ತದಂತೆ, ಮಾತ್ರೆ ನಿಲ್ಲಿಸಿ ಅಂತಾರೆ ಮಾರುವವರು. ಎರಡಕ್ಕೂ ನಿಜವಾಗಿ ಸಂಬಂಧ ಉಂಟಾ, ಇಲ್ಲ ಸುಮ್ನೆ ಬಿಡುದಾ?

ಉತ್ತರ (ಸಂಧಿವಾತ ತಜ್ಞರು, ಮಣಿಪಾಲ): ಮೊದ್ಲು ಮಾತ್ರೆ ನಿಲ್ಲಿಸ್ಬೇಡಿ, ಉಳಿದದ್ದು ಆಮೇಲೆ. ನಿಲ್ಲಿಸಿದವರಲ್ಲಿ ಲೂಪಸ್ ಮತ್ತೆ ಕೆರಳುದು ನಾವು ನೋಡ್ತಾನೇ ಇರ್ತೇವೆ, ಕಿಡ್ನಿಗೆ ಹೋದ್ರೆ ಕಷ್ಟ.

ಸಂಬಂಧ ಉಂಟಾ ಅಂದ್ರೆ ಉಂಟು, ಮತ್ತೆ ಅದು ಭಾರೀ ಇಂಟರೆಸ್ಟಿಂಗ್ ವಿಷಯ. ನಮ್ಮ ಜೀವಕೋಶದ ಒಳಗೆ ಶಕ್ತಿ ತಯಾರಿಸುವ ಈ ಮೈಟೊಕಾಂಡ್ರಿಯಾ ನೂರಾರು ಕೋಟಿ ವರ್ಷದ ಹಿಂದೆ ಬೇರೆಯೇ ಬ್ಯಾಕ್ಟೀರಿಯಾ ಆಗಿತ್ತು, ಜೀವವಿಜ್ಞಾನಿ ಲಿನ್ ಮಾರ್ಗುಲಿಸ್ 1967ರಲ್ಲಿ ಇದನ್ನು ಬರೆದಾಗ ಹೆಚ್ಚಿನವರು ಒಪ್ಪಿರ್ಲಿಲ್ಲ, ಈಗ ಪಠ್ಯಪುಸ್ತಕದಲ್ಲೇ ಉಂಟು. ಅದಕ್ಕೆ ಈಗ್ಲೂ ತನ್ನದೇ ಡಿಎನ್‌ಎ ಉಂಟು, ದುಂಡಗಿನದ್ದು, 37 ಜೀನ್ ಮಾತ್ರ. ಎಲ್ಲಿಂದಲೋ ಬಂದು ನಮ್ಮೂರಲ್ಲಿ ತಲೆಮಾರುಗಟ್ಟಲೆ ಕಳೆದ್ರೂ ಮಾತಿನ ಧಾಟಿ ಬಿಡದ ಮನೆಯವರು ಇರ್ತಾರಲ್ವಾ, ಹಾಗೆ. ಒಳಗೆ ಇರುವಷ್ಟು ದಿನ ತಕರಾರಿಲ್ಲ. ಕೋಶಕ್ಕೆ ಪೆಟ್ಟಾಗಿ ಆ ಡಿಎನ್‌ಎ ಹೊರಗೆ ಸೋರಿದ್ರೆ ನಮ್ಮ ರೋಗನಿರೋಧಕ ವ್ಯವಸ್ಥೆ ಇದ್ಯಾವುದೋ ಸೋಂಕು ಅಂತ ತಿಳ್ಕೊಂಡು ಇಂಟರ್‌ಫೆರಾನ್ ಅನ್ನುವ ಎಚ್ಚರಿಕೆಯ ಪ್ರೋಟೀನನ್ನು ಸುರಿಸ್ಲಿಕ್ಕೆ ಶುರು ಮಾಡ್ತದೆ. ಲೂಪಸ್ ಇರುವ ಸುಮಾರು ಜನರ ರಕ್ತದಲ್ಲಿ ಈ ಇಂಟರ್‌ಫೆರಾನ್ ಗುರುತು ಜೋರಾಗಿಯೇ ಇರ್ತದೆ. ಲೂಪಸ್‌ನವರ ನ್ಯೂಟ್ರೋಫಿಲ್ ಅನ್ನುವ ಬಿಳಿ ರಕ್ತಕಣಗಳೇ ಕೆಟ್ಟ ಮೈಟೊಕಾಂಡ್ರಿಯಾ ಡಿಎನ್‌ಎಯನ್ನು ಹೊರಗೆ ಹಾಕ್ತವೆ ಅಂತ 2016ರಲ್ಲಿ ಎರಡು ಬೇರೆ ಬೇರೆ ಗುಂಪಿನವರು ತೋರಿಸಿದ್ರು. 2021ರಲ್ಲಿ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ ಅನಿಫ್ರೊಲುಮ್ಯಾಬ್ ಇಂಜೆಕ್ಷನ್ ಇಂಟರ್‌ಫೆರಾನ್ ಕೂರುವ ಜಾಗವನ್ನೇ ಮುಚ್ಚುದು.

ಮತ್ತೆ ಕೇಳಿ, ನೀವು ದಿನಾ ನುಂಗುವ ಹೈಡ್ರಾಕ್ಸಿಕ್ಲೋರೋಕ್ವಿನ್ ಉಂಟಲ್ಲ, ಅದೂ ಕೋಶದ ಒಳಗೆ ಇಂಥ ಡಿಎನ್‌ಎ, ಆರ್‌ಎನ್‌ಎಯನ್ನು ಮೂಸಿ ನೋಡುವ ಟಿಎಲ್‌ಆರ್ 7 ಮತ್ತೆ 9 ಅನ್ನುವ ಸೆನ್ಸರ್ ಪ್ರೋಟೀನುಗಳನ್ನು ತಗ್ಗಿಸ್ತದೆ. ಅಂದ್ರೆ ಪೌಡರ್‌ನವರು ಹೇಳುವ ದಾರಿಯಲ್ಲೇ ಕೆಲಸ ಮಾಡುವ ಮದ್ದು ನಿಮ್ಮ ಹತ್ರ ಮೊದ್ಲೇ ಉಂಟು, ಅದನ್ನೇ ನಿಲ್ಲಿಸಿ ಅಂತಾರೆ ಅವ್ರು!

ಡಬ್ಬದ ಹಿಂದೆ ಎಂತೆಂತ ಉಂಟು ಬರೀರಿ ನೋಡುವ.

ಪ್ರಶ್ನೆ (ಸುರತ್ಕಲ್‌ನಿಂದ): ನಡುವೆ ಬಾಯಿ ಹಾಕಿದ್ದಕ್ಕೆ ಬೇಜಾರು ಮಾಡ್ಬೇಡಿ ಸರ್, ನನ್ನ ಅಮ್ಮನಿಗೆ ಮೈಯೆಲ್ಲಾ ತುರಿಕೆ, ರಿಪೋರ್ಟಲ್ಲಿ ಆಂಟಿ ಮೈಟೊಕಾಂಡ್ರಿಯಲ್ ಆಂಟಿಬಾಡಿ ಪಾಸಿಟಿವ್ ಬಂದಿದೆ. ಮೈಟೊಕಾಂಡ್ರಿಯಾ ಅಮ್ಮನಿಂದ್ಲೇ ಬರುದು ಅಂತ ಶಾಲೆಯಲ್ಲಿ ಕಲ್ತದ್ದು, ಹಾಗಾದ್ರೆ ನಂಗೂ ಬರ್ತದಾ?

ಉತ್ತರ: ಇಲ್ಲ ಇಲ್ಲ, ಎರಡನ್ನು ಸೇರಿಸ್ಬೇಡಿ. ಅಮ್ಮನಿಂದ ಮಕ್ಕಳಿಗೆ ಬರುದು ಮೈಟೊಕಾಂಡ್ರಿಯಾದ ಡಿಎನ್‌ಎ, ಅದ್ರಲ್ಲಿ ದೋಷ ಇದ್ರೆ ಬರುವ ಕಾಯಿಲೆಗಳೇ ಬೇರೆ, ಲೆಬರ್ ಅನ್ನುವ ಕಣ್ಣಿನ ನರದ ಕಾಯಿಲೆಯ ಹಾಗಿನವು. ಅಮ್ಮನ ರಿಪೋರ್ಟಲ್ಲಿ ಇರುದು ಮೈಟೊಕಾಂಡ್ರಿಯಾದ ಒಂದು ಪ್ರೋಟೀನಿನ ವಿರುದ್ಧ ದೇಹವೇ ಮಾಡಿದ ಆಂಟಿಬಾಡಿ. ಪ್ರೈಮರಿ ಬಿಲಿಯರಿ ಕೊಲಾಂಜೈಟಿಸ್ ಅನ್ನುವ ಲಿವರ್ ಕಾಯಿಲೆ ಇರುವವರಲ್ಲಿ ನೂರಕ್ಕೆ 90ಕ್ಕಿಂತ ಹೆಚ್ಚು ಜನರಿಗೆ ಇದು ಪಾಸಿಟಿವ್, ಹೆಂಗಸರಲ್ಲೇ ಜಾಸ್ತಿ, ತುರಿಕೆ ಅದರದ್ದೇ ಲಕ್ಷಣ, ಸುಸ್ತೂ ಇರ್ತದೆ. ಲಿವರ್ ಟೆಸ್ಟ್‌ನಲ್ಲಿ ಆಲ್ಕಲೈನ್ ಫಾಸ್ಫಟೇಸ್ ಎಷ್ಟಿದೆ ನೋಡಿ, ಅದೂ ತುಂಬ ದಿನದಿಂದ ಜಾಸ್ತಿ ಇದ್ರೆ ಹೆಚ್ಚಿನ ಸಲ ಬಯಾಪ್ಸಿ ಕೂಡ ಬೇಡ. ಅರ್ಸೊಡಿಆಕ್ಸಿಕೋಲಿಕ್ ಆಸಿಡ್ ಮಾತ್ರೆ ಉಂಟು, ತೂಕ ನೋಡಿ ಕೆಜಿಗೆ 13ರಿಂದ 15 ಮಿಲಿಗ್ರಾಂ ಲೆಕ್ಕದಲ್ಲಿ ಕೊಡ್ತಾರೆ. ಅಲರ್ಜಿ ಅಂತ ಮುಲಾಮು ಹಚ್ತಾ ಕೂರ್ಬೇಡಿ, ಗ್ಯಾಸ್ಟ್ರೋ ಡಾಕ್ಟ್ರನ್ನು ಕಾಣಿಸಿ. ಮನೆಯವರಿಗೆ ಅಪಾಯ ಸ್ವಲ್ಪ ಜಾಸ್ತಿ ಹೌದು, ಆದ್ರೆ ಬಂದೇ ಬರ್ತದೆ ಅಂತ ಎಂತ ಇಲ್ಲ.

ಪ್ರಶ್ನೆ (ಬಿ.ಸಿ.ರೋಡಿಂದ): ನಂಗೆ ಗಂಟುವಾತ, ಅದಕ್ಕೆ ಲೆಫ್ಲುನೊಮೈಡ್ ಮಾತ್ರೆ ಉಂಟು. ಮೈಟೊಕಾಂಡ್ರಿಯಾಕ್ಕೆ ಅದರಿಂದ ತೊಂದ್ರೆ ಅಂತ ವಾಟ್ಸಾಪಲ್ಲಿ ಬಂತು.

ಉತ್ತರ: ಅರ್ಧ ಓದಿ ಫಾರ್ವರ್ಡ್ ಮಾಡಿದ್ದಾರೆ ಮಾರಾಯ್ರೆ. ಲೆಫ್ಲುನೊಮೈಡ್ ತಡೆಯುವ ಡಿಎಚ್‌ಒಡಿಎಚ್ ಅನ್ನುವ ಎಂಜೈಮ್ ಇರುದೇ ಮೈಟೊಕಾಂಡ್ರಿಯಾದ ಒಳಪೊರೆಯಲ್ಲಿ. ಕೆರಳಿದ ಲಿಂಫೋಸೈಟ್ ಅನ್ನುವ ಬಿಳಿ ರಕ್ತಕಣ ಗಡಿಬಿಡಿಯಲ್ಲಿ ದುಪ್ಪಟ್ಟಾಗ್ಲಿಕ್ಕೆ ಡಿಎನ್‌ಎಗೆ ಬೇಕಾದ ಸಾಮಾನು ಆ ಎಂಜೈಮಿನಿಂದ ಬರ್ಬೇಕು, ಅದನ್ನು ನಿಲ್ಲಿಸಿದ್ರೆ ಗಂಟಿನ ಉರಿಯೂತ ಇಳೀತದೆ. ಅದೇ ಮದ್ದಿನ ಕೆಲಸ. ಲಿವರ್ ಟೆಸ್ಟ್, ಬಿಪಿ ಮಾತ್ರ ತಪ್ಪಿಸ್ಬೇಡಿ. ಹೆಂಗಸರಾದ್ರೆ ಈ ಮದ್ದು ತಗೊಳ್ಳುವಾಗ ಬಸುರಿ ಆಗ್ಬಾರ್ದು, ಮಗುವಿನ ಪ್ಲ್ಯಾನ್ ಇದ್ರೆ ಮೊದ್ಲೇ ಹೇಳಿ, ಮದ್ದನ್ನು ಮೈಯಿಂದ ತೊಳೆದು ತೆಗೀಲಿಕ್ಕೆ ಬೇರೆ ಕ್ರಮ ಉಂಟು.

ಕಾಪುವಿನವರು: ಸರ್ ಡಬ್ಬದಲ್ಲಿ ಕೋಕ್ಯೂ10, ಎನ್ಎಸಿ, ಬಯೋಟಿನ್ 10,000 ಮೈಕ್ರೋಗ್ರಾಂ, ಅರಶಿನ ಅಂತ ಉಂಟು. ಎರಡು ವಾರದಿಂದ ತಿಂತಾ ಇದ್ದೇನೆ. ಶನಿವಾರ ಥೈರಾಯ್ಡ್ ಟೆಸ್ಟ್ ಬರ್ದಿದ್ದಾರೆ.

ಉತ್ತರ: ಎನ್ಎಸಿ ಅಂದ್ರೆ ಕಫಕ್ಕೆ ನೀರಲ್ಲಿ ಕರಗಿಸಿ ಕುಡಿಸ್ತಾರಲ್ಲ ಅದೇ. ಲೂಪಸ್‌ನಲ್ಲಿ 36 ಜನರ ಮೇಲೆ 3 ತಿಂಗಳು ಪ್ರಯೋಗ ಮಾಡಿ 2012ರಲ್ಲಿ ಪ್ರಕಟಿಸಿದ್ರು, ಸುಸ್ತು ಸ್ವಲ್ಪ ಕಡಿಮೆಯಾಯ್ತು ಅಂತ ಬಂತು, ಆದ್ರೆ ಅಷ್ಟು ಚಿಕ್ಕ ಪ್ರಯೋಗ ಹಿಡ್ಕೊಂಡು ಬುಡದಿಂದ ಹೋಗ್ತದೆ ಅನ್ಲಿಕ್ಕೆ ಆಗುದಿಲ್ಲ. ಕೋಕ್ಯೂ10ರಿಂದ ನಿಮ್ಗೆ ದೊಡ್ಡ ತೊಂದ್ರೆ ಕಾಣುದಿಲ್ಲ, ರಕ್ತ ಹೆಪ್ಪುಗಟ್ಟದ ಹಾಗೆ ವಾರ್ಫರಿನ್ ಮಾತ್ರೆ ತಗೊಳ್ಳುವವರು ಮಾತ್ರ ದೂರ ಇರ್ಬೇಕು.

ನಂಗೆ ತಲೆಬಿಸಿ ಬಯೋಟಿನ್ ಅನ್ನುವ ವಿಟಮಿನ್‌ದ್ದು. ಅಷ್ಟು ಡೋಸಲ್ಲಿ ಅದು ಎಷ್ಟೋ ಲ್ಯಾಬ್‌ಗಳ ಥೈರಾಯ್ಡ್ ಟೆಸ್ಟನ್ನೇ ತಪ್ಪು ತೋರಿಸ್ತದೆ, ಟಿಎಸ್‌ಎಚ್ ಕಡಿಮೆ, ಟಿ4 ಜಾಸ್ತಿ ಅಂತ ಬಂದು ಇಲ್ಲದ ಕಾಯಿಲೆಗೆ ಮದ್ದು ಶುರುವಾಗ್ತದೆ. ಲೂಪಸ್ ಇರುವವರಲ್ಲಿ ಥೈರಾಯ್ಡ್ ತೊಂದ್ರೆ ಜಾಸ್ತಿಯೇ, ಸುಸ್ತಿಗೆ ಅದೇ ಕಾರಣವೂ ಇರ್ಬಹುದು, ಹಾಗಾಗಿ ಈ ಟೆಸ್ಟ್ ಸರಿಯಾಗಿ ಬರ್ಬೇಕು. ಪೌಡರ್ ಇವತ್ತೇ ನಿಲ್ಲಿಸಿ, ಶನಿವಾರದ್ದನ್ನು ಮುಂದಿನ ವಾರಕ್ಕೆ ಹಾಕಿ, ಲ್ಯಾಬಲ್ಲಿ ಬಯೋಟಿನ್ ತಿಂದದ್ದು ಹೇಳಿ. ಅದ್ರ ಜೊತೆ ಹಿಮೋಗ್ಲೋಬಿನ್, ಕ್ರಿಯಾಟಿನಿನ್, ಮೂತ್ರದಲ್ಲಿ ಪ್ರೋಟೀನ್ ನೋಡಿಸಿ. ಬಿಸಿಲೂ ಲೂಪಸ್ಸನ್ನು ಕೆರಳಿಸ್ತದೆ, ಅಂಗಳದಲ್ಲಿ ಹಪ್ಪಳ ಒಣಗ್ಲಿಕ್ಕೆ ಹಾಕಿ ಕಾಗೆ ಓಡಿಸುವ ಕೆಲಸ ಸದ್ಯ ನಾದಿನಿಗೇ ಕೊಡಿ. ಕಣ್ಣಿನ ಪರೀಕ್ಷೆ ಕೊನೆಗೆ ಯಾವಾಗ ಮಾಡಿಸಿದ್ದು?

ಕಾಪುವಿನವರು: ಮಾಡಿಸ್ಲೇ ಇಲ್ಲ ಸರ್.

ಉತ್ತರ: ಈ ಮಾತ್ರೆ ವರ್ಷಗಟ್ಟಲೆ ತಗೊಂಡ್ರೆ ಕೆಲವರಿಗೆ ಕಣ್ಣಿನ ಒಳಪದರ ರೆಟಿನಾಕ್ಕೆ ತೊಂದ್ರೆ ಆಗ್ತದೆ, ಹಾಗಾಗಿ ರೆಟಿನಾ ನೋಡುವ ಡಾಕ್ಟ್ರ ಹತ್ರ ಈ ತಿಂಗಳಲ್ಲೇ ಒಮ್ಮೆ ತೋರಿಸಿ, ಹೈಡ್ರಾಕ್ಸಿಕ್ಲೋರೋಕ್ವಿನ್ ಅಂತ ಚೀಟಿಯಲ್ಲಿ ಬರ್ಕೊಂಡು ಹೋಗಿ. ಮಾತ್ರೆ ಶುರು ಮಾಡಿ ಐದು ವರ್ಷ ಆದ್ಮೇಲೆ ಈ ಪರೀಕ್ಷೆ ಪ್ರತಿವರ್ಷ ಬೇಕು. ನಿಮ್ಮ ತೂಕ ಮತ್ತೆ ಮಾತ್ರೆ ಎಷ್ಟು ಮಿಲಿಗ್ರಾಂ ಅಂತ ಇಲ್ಲೇ ಹಾಕಿ, ದಿನಕ್ಕೆ ಕೆಜಿಗೆ 5 ಮಿಲಿಗ್ರಾಂ ದಾಟಿದ್ಯಾ ನೋಡುವ.